ಬಸರೀಕಟ್ಟೆಯಲ್ಲಿ ನಾನು ಕಟ್ಟಿದ ಬಸ್ ಸ್ಟ್ಯಾಂಡ್

ಗೆಳೆಯರೇ, ಇವತ್ತು ಬೈಗುಳ ತಿಂದು ಖುಷಿಪಟ್ಟೆ.

ಧಾರಾವಾಹಿಯೊಂದಕ್ಕೆ ಬಸರೀಕಟ್ಟೆ ಹತ್ತಿರ ಹಳೇ ಕಾಲದ ಬಸ್ ಸ್ಟ್ಯಾಂಡಿನ ಸೆಟ್ ಹಾಕಿದ್ದೇನೆ. ಬೆಳಿಗ್ಗೆ ನಿರ್ಮಾಪಕರು ಬಂದವರೇ ಸಿಡುಕಿದರು. "ಊರಿನ ಬಸ್ ಸ್ಟ್ಯಾಂಡ್ ತೋರಿಸಿ ಸೆಟ್ ಅಂತೀರಲ್ಲ ಮೇಡಂ! ನಿಮ್ಮ ಆರ್ಟ್ ಡಿಪಾರ್ಟ್‌ಮೆಂಟ್ ಇಷ್ಟು ದಿನ ಮಾಡಿದ್ದೇನು?"

ನನಗೆ ಉರಿದುಹೋಯಿತು. ಮಗಳ ಮನೆಗೆಂದು ಕಡಹಿನಬೈಲಿನಿಂದ ಬಂದಿದ್ದ ಅಮ್ಮ ಒಬ್ಬರು ಸೆಟ್ಟಿನ ಬೆಂಚಿನ ಮೇಲೆ ಕೂತು ಬಸ್ ಕಾಯುತ್ತಿದ್ದರು. ಅವರನ್ನೇ ಕೇಳಿದೆ. "ಅಮ್ಮಾ, ಇದು ಹೊಸದಾಗಿ ಕಟ್ಟಿದ್ದು ಅಲ್ವಾ?"

"ಎಂತ ಹೊಸದು ಮಾರಾಯ್ತಿ? ಗೋಡೆ ಮೇಲೆ ಪಾಚಿ ಕಾಣಲ್ವಾ? ನಮ್ಮಜ್ಜನ ಕಾಲದ್ದಿರ್ಬೇಕು."

ನಿರ್ಮಾಪಕರು ಗೆದ್ದವರಂತೆ ನಕ್ಕರು. ನಾನು ಗೋಡೆಯಿಂದ ದಪ್ಪ ಕಲ್ಲೊಂದನ್ನು ಕಿತ್ತು, ಒಂದೇ ಕೈಯಲ್ಲಿ ಎತ್ತಿ ಅವರ ಅಂಗೈಗಿಟ್ಟೆ. ಥರ್ಮೋಕೋಲ್! ಪಾಚಿಯೆಂದರೆ ಬಣ್ಣ ಕಲಸಿದ ಮರದ ಪುಡಿ.

ಅಮ್ಮ ಧಡಕ್ಕನೆ ಎದ್ದರು. "ಅಯ್ಯೋ ದೇವ್ರೇ, ಇಷ್ಟೊತ್ತು ನಾನು ಎಂತದ್ರ ಮೇಲೆ ಕೂತಿದ್ದೆ?"

"ಹೆದರ್ಬೇಡಿ, ಒಳಗೆ ಹಲಗೆ ಇದೆ" ಅಂದೆ. ಒತ್ತಿ ನೋಡಿ ಮತ್ತೆ ಕೂತರು.

ಎಷ್ಟೋ ಸಿನಿಮಾಗಳಿಗೆ ಅರಮನೆಗಳನ್ನೇ ಕಟ್ಟಿದ್ದೇನೆ. ಹುಟ್ಟಿದ ತಾಲ್ಲೂಕಿನಲ್ಲಿ ಕಟ್ಟಿದ ಈ ಪುಟ್ಟ ಬಸ್ ಸ್ಟ್ಯಾಂಡಿನಷ್ಟು ಹೆಮ್ಮೆ ಯಾವುದೂ ಕೊಟ್ಟಿರಲಿಲ್ಲ.

ನಿರ್ಮಾಪಕರು ಆ ಕಲ್ಲನ್ನು ತಿರುಗಿಸಿ ತಿರುಗಿಸಿ ನೋಡಿ, "ಸಾರಿ ಮೇಡಂ, ಸೂಪರ್" ಅಂದರು. ಆಮೇಲೆ ದೂರದ ತಿರುವಿನತ್ತ ಕೈ ತೋರಿಸಿದರು. ಅಲ್ಲಿ ಹೊಸ ಬಣ್ಣ ಬಳಿಸಿಕೊಂಡು ನಿಂತಿದ್ದದ್ದು ಊರಿನ ನಿಜವಾದ ಬಸ್ ಸ್ಟ್ಯಾಂಡ್.

"ಆದ್ರೆ ಮೇಡಂ, ಆ ಸೆಟ್ ಮಾತ್ರ ನೋಡಿದ ಕೂಡ್ಲೇ ನಕಲಿ ಅಂತ ಗೊತ್ತಾಗುತ್ತೆ."