ಕುಂಕುಮ ಹಚ್ಚಿದ ರೀಲು

ಜನ ಮರೆತ ಸಣ್ಣಪುಟ್ಟ ಸಿನಿಮಾಗಳ ರೀಲು ಹುಡುಕಿ ರಿಪೇರಿ ಮಾಡುವ ಹುಚ್ಚು ಯಾಕೆ ಹಿಡಿಯಿತು ಎಂದು ಮನೆಯಲ್ಲಿ ಇವತ್ತಿಗೂ ಕೇಳುತ್ತಾರೆ. ನನಗೆ ಗೊತ್ತಿದ್ದರೆ ತಾನೇ ಹೇಳಲಿಕ್ಕೆ! ಲಕ್ಷ್ಮೇಶ್ವರದ ಶಾಲಾ ಮಾಸ್ತರರೊಬ್ಬರು ಗೆಳೆಯರನ್ನು ಕಟ್ಟಿಕೊಂಡು ಅಡರಕಟ್ಟಿಯಲ್ಲಿ ಸಿನಿಮಾ ತೆಗೆದಿದ್ದರು, ಗದಗಿನಲ್ಲಿ ಒಂದೆರಡು ಆಟ ಕಂಡು ಅದು ಮೂಲೆ ಸೇರಿತು ಎಂದು ಗೊತ್ತಾದದ್ದೇ ತಡ, ಬೆಟಗೇರಿಯಲ್ಲಿ ಮಗಳ ಮನೆಯಲ್ಲಿದ್ದ ಅವರ ಹೆಂಡತಿಯನ್ನು ಹುಡುಕಿಕೊಂಡು ಹೋದೆ.

"ಐತ್ರೀ, ಜ್ವಾಕಿ ಮಾಡೇನಿ," ಎಂದು ಅಜ್ಜಿ ದೇವರ ಜಗಲಿಯಿಂದ ಡಬ್ಬಿ ತಂದರು. ಮಾಸ್ತರರು ಮೊಬೈಲು ಬರುವ ಮೊದಲೇ ತೀರಿಕೊಂಡವರು. ಅವರ ದನಿ ಉಳಿದಿದ್ದರೆ ಈ ಸಿನಿಮಾದಲ್ಲೇ. ನಟನೊಬ್ಬ ಕೈಕೊಟ್ಟಾಗ ಒಂದು ದೃಶ್ಯಕ್ಕೆ ತಾವೇ ವೇಷ ಹಾಕಿದ್ದರಂತೆ.

"ಒಮ್ಮೆ ಅವರ ದನಿ ಕೇಳಸ್ರಿ, ಸಾಕು. ಮಾರಿ ಫೋಟೋದಾಗ ಐತಿ. ದನಿ ಮರತಬಿಟ್ಟೇನಿ."

ಡಬ್ಬಿ ತೆರೆದೆ. ಅಯ್ಯೋ ದೇವರೇ! ಸುತ್ತಿಟ್ಟ ರೀಲಿನ ಮೈಮೇಲೆ ಎಣ್ಣೆಯಲ್ಲಿ ಕಲಸಿದ ಕುಂಕುಮದ ಬೊಟ್ಟುಗಳು, ವರ್ಷ ವರ್ಷದವು, ಒಂದರ ಮೇಲೊಂದು.

"ಅಮ್ಮಾರ, ಇದೇನ ಮಾಡೀರಿ!" ಎಂದು ರೇಗಿಯೇಬಿಟ್ಟೆ.

"ಮಾನೌಮಿ ಆಯುಧಪೂಜಿಗೆ ಕುಡಗೋಲು, ಮಗ್ಗ, ಸೈಕಲ್ಲು, ಎಲ್ಲಾಕ್ಕೂ ಹಚ್ಚತೀವಲ್ರಿ. ಇದು ಅವರು ದುಡದ ಸಾಮಾನು. ಇದಕ್ಕ ಹಚ್ಚಲಾರದ ಹ್ಯಾಂಗ ಇರಾಕ ಬರತೈತಿ?"

ನನ್ನ ಸಿಟ್ಟೆಲ್ಲ ಇಳಿದುಹೋಯಿತು. ಸಿನಿಮಾದ ದನಿ ಇರುವುದು ಫಿಲ್ಮಿನ ಅಂಚಿನಲ್ಲಿ, ಬೊಟ್ಟು ಹತ್ತಿದ್ದೂ ಅದೇ ಅಂಚಿಗೆ ಎಂದು ಆದಷ್ಟು ಮೆತ್ತಗೆ ಹೇಳಿದೆ. ಅವರ ಮುಖ ಸಣ್ಣದಾಯಿತು.

"ಹಂಗಾರ ಅವರ ದನಿ ನಾನ ಅಳಸಿದ್ನೇನ್ರಿ?"

"ನೋಡೂಣು ತಡೀರಿ," ಎಂದೆ. ಅದಕ್ಕಿಂತ ಹೆಚ್ಚು ಹೇಳುವ ಧೈರ್ಯ ಇರಲಿಲ್ಲ.

ಗದಗಿನ ನನ್ನ ಕೋಣೆಯಲ್ಲಿ ರೀಲು ಬಿಚ್ಚುತ್ತಾ, ಮೆತ್ತನೆಯ ಬಟ್ಟೆಯಿಂದ ಒರೆಸುತ್ತಾ ಚಳಿಗಾಲ ಕಳೆಯಿತು. ಸ್ಕ್ಯಾನ್ ಮಾಡಿ ಕೇಳಿದರೆ ರೀಲಿನ ಸುತ್ತಿಗೊಮ್ಮೆ ಧಡ್, ಧಡ್ ಎಂದು ಮಗ್ಗ ಹೊಡೆದ ಹಾಗೆ ಸದ್ದು. ಕಂಪ್ಯೂಟರಿನಲ್ಲಿ ಅದನ್ನು ಒಂದೊಂದಾಗಿ ತೆಗೆದೆ. ಉಳಿದವರ ಮಾತೆಲ್ಲ ಬಂತು. ಎಣ್ಣೆ ಎಲ್ಲಕ್ಕಿಂತ ಆಳಕ್ಕೆ ಇಳಿದಿದ್ದ ಜಾಗದಲ್ಲೇ ಮಾಸ್ತರರ ಮಾತು ಇರಬೇಕೇ! ಎರಡೇ ಪದ ಬದುಕಿದ್ದವು.

"ಬ್ಯಾರೆದಾವ್ರ ಕಡಿಂದ ಆ ಮಾತು ಆಡಿಸಿ ಸೇರಿಸಿಬಿಡಲೇ, ಮುದುಕಿಗೇನ ತಿಳಿತೈತಿ?" ಎಂದ ಕೋಣೆಗೆ ಬಂದಿದ್ದ ನನ್ನ ಗೆಳೆಯನೊಬ್ಬ. ಅವನ ಜೊತೆ ಎರಡು ದಿನ ಮಾತು ಬಿಟ್ಟೆ.

ಮಗಳ ಮನೆಯ ಪಡಸಾಲೆಯಲ್ಲಿ ಗೋಡೆಗೆ ಬಿಳಿ ಧೋತರ ಕಟ್ಟಿ ಸಿನಿಮಾ ಹಚ್ಚಿದೆವು. ಅಜ್ಜಿ ಮುಂದೆಯೇ ಚಾಪೆಯ ಮೇಲೆ ಕುಳಿತರು. ಮಾಸ್ತರರು ಬಂದರು, ಹೆಗಲ ಮೇಲೊಂದು ಟವೆಲ್ಲು, ಮುಚ್ಚಿದ ಬಾಗಿಲ ಮುಂದೆ ನಿಂತರು. ತುಟಿ ಅಲ್ಲಾಡಿದವು. ಬರೀ ಗರಗರ ಸದ್ದು. ನನಗೆ ಅಜ್ಜಿಯ ಕಡೆ ನೋಡಲಾಗಲಿಲ್ಲ. ಆ ಗರಗರದ ನಡುವೆಯೇ ದಪ್ಪನೆಯ ದನಿಯೊಂದು ಬಂತು:

"ಬಾಗಲಾ ತಗಿ."

"ಬಂದ್ನಿ, ತಡೀರಿ," ಎಂದು ಅಜ್ಜಿ ನೆಲಕ್ಕೆ ಕೈಯೂರಿ ಎದ್ದೇಬಿಟ್ಟರು.