ಲಾಬಿಯ ಆರು ಗವಾಕ್ಷಿಗಳು

ಎರಡು ಸಾವಿರದ ಇಸವಿಯ ಆಸುಪಾಸಿನಲ್ಲಿ ನಾನು ತುಮಕೂರಿನ ಏಸಿ, ಕೂಲರ್ ಅಂಗಡಿಯೊಂದರಲ್ಲಿದ್ದೆ. ಜಾಗ ಅಳೆದು, ಅಲ್ಲಿಗೆ ಯಾವ ಯಂತ್ರ ಹೊಂದುತ್ತದೆ ಎಂದು ಬರೆದುಕೊಡುವುದು ನನ್ನ ಕೆಲಸ.

ಶಿರಾ ಗೇಟಿನ ಬಳಿ ಮೂರು ಅಂತಸ್ತಿನ ಕಟ್ಟಡವೊಂದಿತ್ತು. ಮೇಲೆ ಎರಡು ಕ್ಲಿನಿಕ್, ಒಂದಷ್ಟು ಆಫೀಸು. ಕೆಳಗಿನ ಲಾಬಿಯಲ್ಲಿ ರೋಗಿಗಳು ಬೆಂಚಿನ ಮೇಲೆ ಕಾಯುತ್ತಿದ್ದರು. ಮೂಲೆಯಲ್ಲಿ ಒಂದು ಜೆರಾಕ್ಸ್ ಅಂಗಡಿ. ಏಪ್ರಿಲ್‌ನಲ್ಲಿ ಅಲ್ಲಿ ಕೂರಲಾಗುತ್ತಿರಲಿಲ್ಲ. ಕಟ್ಟಡದ ಮಾಲೀಕರು ಮರದ ವ್ಯಾಪಾರದ ಸಾಹೇಬರು. ಅವರು ನನ್ನನ್ನು ಕರೆಸಿದರು.

ನಾನು ಮೊದಲು ಸೂಚಿಸಿದ್ದು ನೀರಿನ ಕೂಲರ್. ನಮ್ಮ ಊರಿನ ಒಣ ಬಿಸಿಲಿಗೆ ಅದು ಸಾಕು, ಬಾಗಿಲೂ ತೆರೆದೇ ಇರಬಹುದು. ಜೆರಾಕ್ಸಿನವನು ಒಪ್ಪಲಿಲ್ಲ.

“ಅದ್ರ ತೇವಕ್ಕೆ ಪೇಪರೆಲ್ಲ ಮೆತ್ತಗಾಗಿ ಮಿಶನ್ನಲ್ಲಿ ಸಿಕ್ಕಾಕ್ಕೊಳ್ತವೆ ಸಾರ್. ಆಮೇಲೆ ಜನ ಉಗಿಯೋದು ನಿಮ್ಮನ್ನಲ್ಲ, ನನ್ನ.”

ಅವನ ಮಾತು ಸರಿಯಾಗಿತ್ತು. ಏಸಿ ಎಂದು ತೀರ್ಮಾನವಾಯಿತು. ಏಸಿ ಒಳಗಿನ ಗಾಳಿಯನ್ನೇ ಮತ್ತೆ ಮತ್ತೆ ತಣ್ಣಗೆ ಮಾಡುತ್ತದೆ. ಆ ತಂಪು ಸೋರಿಹೋಗಬಾರದು. ಆದ್ದರಿಂದ ಮುಂದಿನ ಹಳೆ ಬಾಗಿಲಿನ ಜಾಗದಲ್ಲಿ ಗಾಜಿನ ಬಾಗಿಲು ಬಂತು. ಸೂರಿನ ಕೆಳಗೆ ಗಾಳಿಯಾಡಲೆಂದು ಹಿಂದಿನವರು ಬಿಟ್ಟಿದ್ದ ಆರು ಗವಾಕ್ಷಿಗಳಿದ್ದವು. ಆರನ್ನೂ ಮುಚ್ಚಬೇಕೆಂದು ಬರೆದವನು ನಾನು. ಗಾಜು ಕೂರಿಸಿ, ಒಂದು ಕೂದಲೂ ತೂರದಂತೆ ಅಂಚಿಗೆಲ್ಲ ಸಿಲಿಕೋನ್ ಹಾಕಿಸಿದೆ.

ಅಲ್ಲಿನ ವಾಚ್‌ಮನ್ ಕುಣಿಗಲ್ ಕಡೆಯವರು, ಐವತ್ತು ದಾಟಿದವರು. ಕೆಲಸ ನಡೆಯುವಾಗ ಅವರು ಕೇಳಿದರು: “ಸೆಕೆಗಾಯ್ತು. ಚಳಿಗೆ ಬೆಚ್ಚಗೆ ಮಾಡಕ್ ಬರಲ್ವಾ ಸಾರ್ ಇದು?”

ಬಿಸಿಗಾಳಿಯನ್ನೂ ಕೊಡುವ ಏಸಿಗಳು ಇದ್ದವು. ನಾನು ಬಾಯಿ ತೆರೆಯುವ ಮೊದಲೇ, ಅಲ್ಲೇ ನಿಂತಿದ್ದ ಸಾಹೇಬರು ನಕ್ಕರು. “ಸ್ವೆಟರ್ ಕೊಡಿಸ್ತೀನಿ ಬಿಡಯ್ಯ. ತುಮ್ಕೂರೇನು ಕಾಶ್ಮೀರಾನಾ?”

ನಾನೂ ನಕ್ಕೆ. ಇಲ್ಲಿಗೆ ಅದು ಬೇಕಿಲ್ಲ ಎಂದೆ. ಹಗಲು ಬಂದುಹೋಗುವವರ ಮಟ್ಟಿಗೆ ಆ ಉತ್ತರ ತಪ್ಪಲ್ಲ. ಆದರೆ ಇರುಳಿಡೀ ಆ ಗ್ರಾನೈಟ್ ನೆಲದ ಮೇಲೆ ಇರುವವರು ಡಿಸೆಂಬರಿನಲ್ಲಿ ಏನು ಮಾಡುತ್ತಾರೆ ಎಂದು ನಾನು ಕೇಳಲಿಲ್ಲ.

ಡಿಸೆಂಬರಿನ ಒಂದು ಬೆಳಗ್ಗೆ ಸರ್ವೀಸಿಗೆಂದು ಹೋದೆ. ಕ್ಲಿನಿಕ್ ತೆರೆಯುವ ಮೊದಲು ಮುಗಿಸಬೇಕಿತ್ತು, ಆಗ ಆರೂವರೆ. ಗಾಜಿನ ಬಾಗಿಲಿಗೆ ಒಳಗಿನಿಂದ ಚಿಲಕ. ವಾಚ್‌ಮನ್ ಬೆಂಚಿಗೆ ಒರಗಿ ನೆಲದ ಮೇಲೆ ಕುಳಿತಿದ್ದರು. ಎದುರಿಗೆ ಕಬ್ಬಿಣದ ಬಾಣಲೆ; ಅದರಲ್ಲಿ ತೆಂಗಿನ ಚಿಪ್ಪಿನ ಕೆಂಡ. ಗಾಜು ತಟ್ಟಿದೆ. ಕಣ್ಣು ಅರ್ಧ ತೆರೆದವು, ಆದರೆ ನನ್ನನ್ನು ನೋಡಲಿಲ್ಲ. ಏಳಲು ಒಂದು ಕೈ ಊರಿದರು. ಕೈ ನಿಲ್ಲಲಿಲ್ಲ, ಮಗ್ಗುಲಿಗೆ ಬಿದ್ದರು.

ಎದುರಿನ ಟೀ ಅಂಗಡಿಯವನೂ ನಾನೂ ಕಲ್ಲಿನಿಂದ ಗಾಜು ಒಡೆದು ಒಳಗೆ ಹೋದೆವು. ಒಳಗೆ ಹೊಗೆ ಇರಲಿಲ್ಲ. ವಾಸನೆಯೂ ಇರಲಿಲ್ಲ. ನನಗೂ ಮೊದಲು ಹೊಳೆದದ್ದು ಲಕ್ವ ಹೊಡೆದಿರಬೇಕು ಎಂದೇ. ಹೊರಗೆ ಎಳೆದು ಮಲಗಿಸಿದ ಮೇಲೆ ಅವರು ವಾಂತಿ ಮಾಡಿಕೊಂಡರು. ನಾನು ಗಾಜಿನ ಚೂರುಗಳ ನಡುವೆ ನಿಂತು ತಲೆಯೆತ್ತಿದೆ. ಆಗ ಅರ್ಥವಾಯಿತು. ಎಷ್ಟೋ ಚಳಿಗಾಲ ಅವರು ಅದೇ ಜಾಗದಲ್ಲಿ ಅದೇ ಕೆಂಡ ಕಾಯಿಸಿಕೊಂಡಿದ್ದರು. ಬದಲಾಗಿದ್ದದ್ದು ಮೇಲಿನ ಆರು ಕಂಡಿಗಳು ಮಾತ್ರ.

ಸುದ್ದಿ ಕೇಳಿ ಬಂದ ಸಾಹೇಬರಿಗೆ ಇದನ್ನೇ ಹೇಳಿದೆ. ಅವರು ಮೇಲೆ ನೋಡಿದರು. “ತೆಗ್ಸಿದ್ರೆ ಏಸಿ?”

“ತಂಪು ಸೋರುತ್ತೆ.”

“ಸೋರ್ಲಿ. ಇವತ್ತೇ ತೆಗ್ಸಿ.”

ಆಸ್ಪತ್ರೆಯಲ್ಲಿ ಆಕ್ಸಿಜನ್ ಕೊಟ್ಟರು. ಇನ್ನಷ್ಟು ತಡವಾಗಿದ್ದರೆ ತಮ್ಮ ಕೈಯಲ್ಲಿ ಏನೂ ಇರುತ್ತಿರಲಿಲ್ಲ ಎಂದರು ಡಾಕ್ಟರು. ಮಧ್ಯಾಹ್ನದ ಹೊತ್ತಿಗೆ ವಾಚ್‌ಮನ್‌ಗೆ ಗುರುತು ಹತ್ತತೊಡಗಿತು. ಕುಣಿಗಲ್ ಬಸ್ಸಿನಲ್ಲಿ ಅವರ ಹೆಂಡತಿ ಬಂದು ಪಕ್ಕದಲ್ಲಿ ಕುಳಿತಿದ್ದರು. ನನ್ನನ್ನು ಕಂಡೊಡನೆ ವಾಚ್‌ಮನ್ ಕೇಳಿದ್ದು: “ನಿಮ್ ಮಿಶನ್‌ಗೇನೂ ಆಗಿಲ್ವಲ್ಲ ಸಾರ್, ಕೆಂಡದ ಜಳಕ್ಕೆ?”

“ಏನ್ ಮನ್ಸ ನೀನು!” ಎಂದರು ಹೆಂಡತಿ. “ಜೀವ ಹೋಗ್ತಿತ್ತು, ಮಿಶನ್ ಇಚಾರ್ಸ್ತಾವ್ನೆ.”

“ಗವಾಕ್ಷಿ ಮುಚ್ಚಿಸಿದ್ದು ನಾನು,” ಎಂದೆ.

“ಮುಚ್ಚೋವಾಗ ಏಣಿ ಹಿಡ್ಕೊಂಡಿದ್ದು ನಾನೇ ಅಲ್ವಾ ಸಾರ್,” ಎಂದರು ಅವರು. “ಹೊಗೆ ಇಲ್ದಿರೋ ಕೆಂಡ, ಏನ್ ಮಾಡುತ್ತೆ ಅಂದ್ಕೊಂಡೆ.”

ಹೊಗೆ ಇಲ್ಲದಿದ್ದರೂ ಕೆಂಡದಿಂದ ವಿಷದ ಗಾಳಿ ಬರುತ್ತದೆ, ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ, ಮುಚ್ಚಿದ ಕೋಣೆಯಲ್ಲಿ ಅದು ನಿಂತುಬಿಡುತ್ತದೆ ಎಂದು ನಿಧಾನವಾಗಿ ಬಿಡಿಸಿ ಹೇಳಿದೆ. ಹೆಂಡತಿ ಎದ್ದು ನಿಂತರು.

“ಹೊಗೆ ಇಲ್ದಿದ್ರೂನಾ?”

“ಹೌದಮ್ಮ.”

“ಅಣ್ಣಾ, ಮನೇಲಿ ಮಗಳು ಬಾಣಂತಿ. ಗಾಳಿ ಸೋಕಬಾರ್ದು ಅಂತ ಕಿಟಕಿಗೆಲ್ಲ ಬಟ್ಟೆ ತುರುಕಿ, ಮಂಚದ ಕೆಳಗೆ ಚಿಪ್ಪಿನ ಕೆಂಡ ಮಡಗಿ ಬಂದಿವ್ನಿ. ಮಗೂನೂ ಅಲ್ಲೇ ಐತೆ.”

ಅವರ ಸೆರಗಿನ ಗಂಟಿನಲ್ಲಿ ಮನೆ ಪಕ್ಕದ ದಿನಸಿ ಅಂಗಡಿಯ ಫೋನ್ ನಂಬರಿನ ಚೀಟಿ ಇತ್ತು. ಆಸ್ಪತ್ರೆ ಗೇಟಿನ ಕಾಯಿನ್ ಫೋನಿಗೆ ಇಬ್ಬರೂ ಓಡಿದೆವು. ಮೊದಲು ಬಾಗಿಲು ಕಿಟಕಿ ತೆಗೆಯಿರಿ, ಆಮೇಲೆ ತಾಯಿ ಮಗುವನ್ನು ಹೊರಗೆ ಕರೆತನ್ನಿ, ಬಾಣಲೆ ಕೊನೆಗೆ ಎಂದು ಅಂಗಡಿಯವನಿಗೆ ಎರಡು ಸಲ ಹೇಳಿದೆ. ಅವನು ಫೋನು ಹಾಗೇ ಇಟ್ಟು ಓಡಿದ. ಕಟ್ ಆಗದಂತೆ ನಾನು ಕಾಯಿನ್ ಹಾಕುತ್ತಲೇ ಇದ್ದೆ. ವಾಚ್‌ಮನ್‌ರ ಹೆಂಡತಿ ನನ್ನ ತೋಳು ಹಿಡಿದುಕೊಂಡಿದ್ದರು.

ಅವನು ಏದುಸಿರು ಬಿಡುತ್ತಾ ಮತ್ತೆ ಫೋನಿಗೆ ಬಂದ. “ತೆಗ್ಸಿದೀನಿ ಸಾರ್. ತಲೆನೋವು ಅಂತಿತ್ತು ಆಯಮ್ಮ, ಈಗ ಜಗಲಿ ಮೇಲವ್ಳೆ. ಮಗ ಅಳ್ತಾ ಐತೆ. ಅವ್ರಜ್ಜಿ ಮಾತ್ರ ರೇಗಾಡ್ತಾವ್ರೆ, ಬಾಣಂತಿ ಮೇಲೆ ಗಾಳಿ ಬಿಡ್ಸಿದ ಮೂದೇವಿ ಯಾವನು ಅಂತ. ಏನ್ ಹೇಳ್ಲಿ?”

“ತುಮ್ಕೂರಲ್ಲಿ ಏಸಿ ಕೂರ್ಸೋನು ಅಂತ ಹೇಳಿ,” ಎಂದೆ. “ಬೈಸ್ಕೊಳ್ತೀನಿ. ಕಿಟಕಿ ಮಾತ್ರ ಮುಚ್ಬೇಡಿ.”