ಅಂಕಣದ ನಡುವೆ ಕೂತ ಅಕ್ಕ

ಹೋದ ವಾರ ಜೆ.ಪಿ. ನಗರದ ನಮ್ಮ ಬೀದಿಯಲ್ಲಿ ಮೋರಿಯ ಹೂಳೆತ್ತಿ, ಅಂಚಿನುದ್ದಕ್ಕೂ ಸುಣ್ಣದ ಪುಡಿ ಚೆಲ್ಲಿ ಹೋಗಿದ್ದರು. ಸಂಜೆ ನಾಲ್ಕು ಹನಿ ಮಳೆ ಬಿತ್ತು. ಒದ್ದೆ ಮಣ್ಣು, ಸುಣ್ಣ ಎರಡೂ ಬೆರೆತ ವಾಸನೆ ಮೂಗಿಗೆ ಬಡಿದಾಗ ತರಕಾರಿ ಚೀಲ ಹಿಡಿದುಕೊಂಡೇ ನಿಂತುಬಿಟ್ಟೆ. ಕಬಡ್ಡಿ ಅಂಕಣಕ್ಕೆ ನೀರು ಚಿಮುಕಿಸಿ ಸುಣ್ಣದ ಗೆರೆ ಎಳೆದಾಗ ಏಳುತ್ತಿದ್ದ ವಾಸನೆ ಅದು. ಅದರ ಹಿಂದೆಯೇ ಎದುರುಮನೆ ಅಕ್ಕ ನೆನಪಾದರು...

ಎಪ್ಪತ್ತರ ದಶಕದಲ್ಲಿ ನಮ್ಮ ಮನೆ ಇದ್ದದ್ದು ಬನಶಂಕರಿ ಎರಡನೇ ಹಂತದಲ್ಲಿ. ಆಗ ಅಲ್ಲಿ ಮನೆಗಳಿಗಿಂತ ಖಾಲಿ ಸೈಟುಗಳೇ ಹೆಚ್ಚು. ಅಕ್ಕ ಕಬಡ್ಡಿಯಲ್ಲಿ ರಾಜ್ಯ ತಂಡಕ್ಕೆ ಆಡಿದವರು, ಆ ಆಟದಿಂದಲೇ ಕಾರ್ಖಾನೆಯೊಂದರಲ್ಲಿ ಕೆಲಸ ಸಿಕ್ಕಿತ್ತು. ಬೆಳಗ್ಗೆ ಸೀರೆ ಉಟ್ಟು ಕಾರ್ಖಾನೆ ಬಸ್ಸಿಗೆ ಓಡುತ್ತಿದ್ದವರು ಸಂಜೆ ಚಡ್ಡಿ, ಟೀ ಶರ್ಟು ಹಾಕಿಕೊಂಡು ಜಯನಗರದ ಮೈದಾನಕ್ಕೆ ಸೈಕಲ್ ತುಳಿಯುತ್ತಿದ್ದರು. ಬೀದಿಯವರು ಏನಾದರೂ ಅಂದುಕೊಳ್ಳಲಿ, ಅವರು ತಿರುಗಿ ನೋಡುತ್ತಿರಲಿಲ್ಲ. ನಮ್ಮಪ್ಪನನ್ನು ಒಪ್ಪಿಸಿ ನನ್ನನ್ನು ತಮ್ಮ ಕ್ಲಬ್ಬಿನ ತಂಡಕ್ಕೆ ಸೇರಿಸಿದ್ದೂ ಅವರೇ.

ದಾಳಿಗೆ ಬಂದವಳ ಕಾಲಿಗೆ ತಲೆ ಮುಂದು ಮಾಡಿ ಹಾರಿ ಹಿಡಿಯುವುದರಲ್ಲಿ ಅವರನ್ನು ಮೀರಿಸುವವರಿರಲಿಲ್ಲ. ಅವರನ್ನು ಮುಗಿಸಿದ್ದೂ ಅದೇ. ಒಂದು ಫೈನಲ್ಲಿನಲ್ಲಿ ಎದುರಾಳಿಯ ಮಂಡಿ ಅವರ ಕಿವಿಯ ಮೇಲ್ಭಾಗಕ್ಕೆ ಬಡಿಯಿತು. ಸ್ವಲ್ಪ ಹೊತ್ತು ಎಚ್ಚರವಿರಲಿಲ್ಲ. ಮುಖಕ್ಕೆ ನೀರು ಎರಚಿ, ನಿಂಬೆ ಸೋಡಾ ಕುಡಿಸಿ ಎಬ್ಬಿಸಿದರು. ಎದ್ದವರು ನೇರವಾಗಿ ಹೋಗಿ ಎದುರಾಳಿ ತಂಡದ ಬೆಂಚಿನ ಮೇಲೆ ಕೂತರು. ನೋಡುತ್ತಿದ್ದವರೆಲ್ಲ ನಕ್ಕರು, ನಾವೂ ನಕ್ಕೆವು. ಮತ್ತೆ ಅಂಕಣಕ್ಕಿಳಿಸಿದರು, ಗೆದ್ದೆವು. ಅದೇ ತಿಂಗಳು ಇನ್ನೊಂದು ಪಂದ್ಯದಲ್ಲಿ ಮತ್ತೆ ಬಿದ್ದರು. ಆಗಲೂ ಅದೇ ನೀರು, ಅದೇ ಸೋಡಾ.

ಆಮೇಲೆ ಅವರಿಗೆ ಬೆಳಕು ಆಗದಾಯಿತು. ಮಧ್ಯಾಹ್ನವೆಲ್ಲ ಕಿಟಕಿಗೆ ಕಂಬಳಿ ಕಟ್ಟಿಕೊಂಡು ಮಲಗುತ್ತಿದ್ದರು. ತಲೆನೋವು ಬಂದರೆ ಗೋಡೆಗೆ ಹಣೆ ಒತ್ತಿ ನಿಲ್ಲುತ್ತಿದ್ದರು. ಉಪ್ಪಿನ ಡಬ್ಬಿ ಕೊಡಮ್ಮ ಅನ್ನಲು ಹೋಗಿ 'ಉಪ್ಪು' ಅನ್ನುವ ಪದಕ್ಕಾಗಿ ತಡಕಾಡುವುದು, ಅದು ಸಿಗದೆ ತಟ್ಟೆ ಎಸೆಯುವುದು... ಅವರ ತಾಯಿ ರಾಹುಕಾಲದಲ್ಲಿ ಬನಶಂಕರಿ ಗುಡಿಗೆ ಹೋಗಿ ನಿಂಬೆಹಣ್ಣಿನ ದೀಪ ಹಚ್ಚಿ ಬರುತ್ತಿದ್ದರು. ಯಾರೋ ದೃಷ್ಟಿ ಎಂದರು, ಯಾರೋ ಮದುವೆ ಮಾಡಿದರೆ ಸರಿಹೋಗುತ್ತದೆ ಎಂದರು. ಕೊನೆಗೆ ಆಸ್ಪತ್ರೆಯೊಂದರ ನರರೋಗದ ಡಾಕ್ಟರು ವಿಷಯ ಬಿಡಿಸಿ ಹೇಳಿದರಂತೆ. ತಲೆಬುರುಡೆ ಒಡೆಯದಿದ್ದರೂ ಒಳಗೆ ಮಿದುಳು ಅಲ್ಲಾಡಿ ಪೆಟ್ಟಾಗಿದೆ, ಮೊದಲನೆಯದು ಮಾಯುವ ಮುಂಚೆಯೇ ಎರಡನೆಯದು ಬಿದ್ದಿದೆ, ಇನ್ನು ಆಟ ಬೇಡ. ಅವರಿಗಾಗ ಮೂವತ್ತೂ ತುಂಬಿರಲಿಲ್ಲ.

ಆಟ ಬಿಟ್ಟರು, ಮೈದಾನ ಬಿಡಲಿಲ್ಲ. ಭಾನುವಾರ ಎಲ್ಲೇ ಪಂದ್ಯವಿರಲಿ, ತಲೆಗೆ ಸೆರಗು ಹೊದ್ದು ಬಂದು ಅಂಕಣದ ಪಕ್ಕ ನಿಲ್ಲುತ್ತಿದ್ದರು. ಆಟಗಾರ್ತಿಯರಿಗೆ, ಕೋಚುಗಳಿಗೆ, ಶಾಲೆಗಳ ಡ್ರಿಲ್ ಮೇಷ್ಟ್ರುಗಳಿಗೆ ಹೇಳುತ್ತಿದ್ದದ್ದು ಒಂದೇ. ತಲೆಗೆ ಏಟು ಬಿದ್ದವರನ್ನು ಅವತ್ತು ಮತ್ತೆ ಇಳಿಸಬೇಡಿ, ಡಾಕ್ಟರಿಗೆ ತೋರಿಸಿ, ಪೂರ್ತಿ ಗುಣವಾಗುವವರೆಗೆ ಕಾಯಿರಿ. ಹೇಳುತ್ತಾ ಹೇಳುತ್ತಾ ಮಾತು ಮರೆತು ನಿಂತುಬಿಡುತ್ತಿದ್ದರು. ಆಗ ಕೇಳುತ್ತಿದ್ದವರು ಮುಖ ಮುಖ ನೋಡಿಕೊಳ್ಳುತ್ತಿದ್ದರು.

ಎಂಬತ್ತರ ಶುರುವಿನಲ್ಲಿ ಒಂದು ಸೆಮಿಫೈನಲ್. ಹಿಡಿತಕ್ಕೆ ಹೋದ ನನ್ನ ತಲೆಗೆ ನಮ್ಮವಳದೇ ಮೊಣಕೈ ಬಡಿದು ಬಿದ್ದೆ. ಎದ್ದಾಗ ಕಿವಿಯಲ್ಲಿ ಒಂದೇ ಸಮನೆ ಗುಂಯ್ ಎನ್ನುವ ಸದ್ದು. ಆಡ್ತೀನಿ ಎಂದೆ. ಮ್ಯಾನೇಜರ್ ಬೆನ್ನು ತಟ್ಟಿ ಒಳಗೆ ಕಳಿಸಿದರು. ರೆಫರಿ ಸೀಟಿ ಊದುವಷ್ಟರಲ್ಲಿ ಅಕ್ಕ ಅಂಕಣದ ನಡುಗೆರೆಯ ಮೇಲೆ ಬಂದು ಚಕ್ಕಂಬಕ್ಕಲು ಹಾಕಿ ಕೂತುಬಿಟ್ಟಿದ್ದರು.

"ಅವಳು ಆಚೆ ಹೋಗೋವರೆಗೂ ನಾನು ಏಳಲ್ಲ" ಎಂದರು.

ಮ್ಯಾನೇಜರ್ ಓಡಿಬಂದು, ಹುಡುಗಿಯೇ ಆಡುತ್ತೇನೆ ಅನ್ನುವಾಗ ನಿಮ್ಮದೇನು ಎಂದು ರೇಗಿದರು.

"ಕಾಲು ಮುರಿದಿದ್ರೆ ಆಡಿಸ್ತಿದ್ರಾ ಸಾರ್? ತಲೆ ಒಳಗೆ ಆಗಿರೋದು ಕಾಣಲ್ಲ ಅಂತ ತಾನೆ ಆಡಿಸ್ತಿರೋದು?"

ಇಬ್ಬರು ಅವರ ತೋಳು ಹಿಡಿದು ಎಳೆದರು. ಅವರು ಅಲ್ಲಾಡಲಿಲ್ಲ. ನಾನೇ ಹೊರಗೆ ಬಂದೆ. ಬದಲಿಗೆ ಇಳಿಯಲು ಯಾರೂ ಇರಲಿಲ್ಲ, ಒಬ್ಬಳು ಕಡಿಮೆಯಾಗಿ ಸೋತೆವು. ಅವತ್ತು ಸಂಜೆ ಎರಡು ಸಲ ವಾಂತಿ ಮಾಡಿಕೊಂಡೆ, ಒಂದು ತಿಂಗಳು ಪುಸ್ತಕದ ಅಕ್ಷರ ಕಣ್ಣೆದುರು ನಿಲ್ಲುತ್ತಿರಲಿಲ್ಲ. ಆಮೇಲೆ ಸರಿಹೋದೆ.

ಕ್ಲಬ್ಬಿನವರು ಮಾತ್ರ ಅಕ್ಕನನ್ನು ಇನ್ನು ಮೈದಾನದೊಳಗೆ ಬಿಡಬಾರದೆಂದು ತೀರ್ಮಾನಿಸಿದರು. ಅವರು ತೋರಿಸಿಕೊಂಡ ಆಸ್ಪತ್ರೆಯ ಹೆಸರು ಹೇಳಿ, ತಲೆ ಕೆಟ್ಟಿದೆ ಎಂದು ಆಡಿಕೊಂಡರು. ಮುಂದಿನ ಪಂದ್ಯಾವಳಿಗೆ ಅವರು ಬಂದಾಗ ಗೇಟಿನಲ್ಲೇ ತಡೆದರು. ಅವತ್ತು ನಮ್ಮ ತಂಡದ ಚಿಕ್ಕವಳು, ಇಟ್ಟಮಡುವಿನಿಂದ ಬರುತ್ತಿದ್ದ ಹುಡುಗಿ, ಹಿಮ್ಮುಖವಾಗಿ ಬಿದ್ದಳು. ಹಿಂದಿನ ವಾರದ ಅಭ್ಯಾಸದಲ್ಲೂ ಅವಳ ತಲೆಗೆ ಏಟಾಗಿತ್ತು. ಎದ್ದು ನಿಂತಳು, ಸರಿಯಾಗಿದ್ದೇನೆ ಎಂದು ಕೈಸನ್ನೆ ಮಾಡಿದಳು. ಹೊರಗೆ ಕಂಬಿ ಹಿಡಿದುಕೊಂಡು ಅಕ್ಕ ಏನೋ ಕೂಗುತ್ತಿದ್ದರು, ಜನರ ಗಲಾಟೆಯಲ್ಲಿ ಕೇಳಿಸಲಿಲ್ಲ. ಮತ್ತೊಂದು ದಾಳಿಯಲ್ಲಿ ಬಿದ್ದವಳು ಏಳಲಿಲ್ಲ. ಆಸ್ಪತ್ರೆಯಲ್ಲಿ ಎರಡು ದಿನ ಇದ್ದಳು... ಅಷ್ಟೆ. ಮೊದಲೇ ಜ್ವರವಿತ್ತು ಎಂದು ಕ್ಲಬ್ಬಿನವರು ಹೇಳಿದರು.

ಅಕ್ಕ ನನ್ನನ್ನು ಕರೆದುಕೊಂಡು ಅವಳ ಮನೆಗೆ ಹೋದರು. ಅವಳ ತಂದೆ ಸೈಕಲ್ ರಿಪೇರಿ ಮಾಡುತ್ತಿದ್ದವರು. ಅಕ್ಕ ಎಲ್ಲವನ್ನೂ, ತಮ್ಮ ತಲೆಗೆ ಆದದ್ದರಿಂದ ಹಿಡಿದು, ನಿಧಾನವಾಗಿ ಹೇಳಿದರು. ಆ ತಂದೆ, "ನಿಂಗೆ ಗೊತ್ತಿತ್ತಾ ತಾಯಿ?" ಎಂದು ಕೇಳಿದರು.

"ಗೊತ್ತಿತ್ತಣ್ಣ. ಗೇಟಲ್ಲೇ ನಿಲ್ಲಿಸಿಬಿಟ್ರು."

ಮುಂದಿನ ಭಾನುವಾರದಿಂದ ಆ ತಂದೆ ಸೈಕಲ್ಲಿನ ಹಿಂದೆ ಅಕ್ಕನನ್ನು ಕೂರಿಸಿಕೊಂಡು ಮೈದಾನಗಳಿಗೆ ಹೋಗತೊಡಗಿದರು. ಅಕ್ಕನಿಗೆ ಮಾತು ತಪ್ಪಿದಾಗ ಅವರು ಮುಂದುವರಿಸುತ್ತಿದ್ದರು. "ನನ್ನ ಮಗಳು ಎದ್ದು ನಿಂತಿದ್ಲು ಸಾರ್. ಎದ್ದು ನಿಂತ್ರೆ ಸರಿಹೋಯ್ತು ಅಂತ ಅಲ್ಲ." ಅವರನ್ನು ತಡೆಯುವ ಧೈರ್ಯ ಯಾವ ಗೇಟಿನವನಿಗೂ ಬರಲಿಲ್ಲ. ಬನಶಂಕರಿ, ಜಯನಗರದ ಕೆಲವು ಶಾಲೆಗಳ ಮೇಷ್ಟ್ರುಗಳು ಒಪ್ಪಿದರು. ತಲೆಗೆ ಏಟಾದ ಹುಡುಗಿಯರನ್ನು ಹೊರಗೆ ಕೂರಿಸುವುದನ್ನು ನಾನೇ ಕಂಡಿದ್ದೇನೆ. ದೊಡ್ಡ ಕ್ಲಬ್ಬುಗಳು ಮೊದಲಿನಂತೆಯೇ ಇದ್ದವು.

ಆದರೆ ಅಕ್ಕ ದಿನದಿಂದ ದಿನಕ್ಕೆ ಸವೆಯುತ್ತಿದ್ದರು. ಕಾರ್ಖಾನೆ ಬಸ್ಸು ಇಳಿದವರು ಮನೆ ಗೊತ್ತಾಗದೆ ದೇವೇಗೌಡ ಪೆಟ್ರೋಲ್ ಬಂಕಿನ ಹತ್ತಿರ ನಿಂತಿರುತ್ತಿದ್ದರು. ಕೆಲಸ ಹೋಯಿತು. ತಾಯಿ ತೀರಿಕೊಂಡ ಮೇಲೆ ಗೊಟ್ಟಿಗೆರೆಯಲ್ಲಿದ್ದ ತಮ್ಮ ಬಂದು ಕರೆದೊಯ್ದ.

ನನ್ನ ಮದುವೆಯಾದ ಮೇಲೆ ಒಮ್ಮೆ ನೋಡಲು ಹೋಗಿದ್ದೆ. ಜಗಲಿಯ ಮೇಲೆ ಕೂತಿದ್ದರು, ಕೂದಲು ಪೂರ್ತಿ ಬೆಳ್ಳಗಾಗಿತ್ತು. ಹೆಸರು ಹೇಳಿದೆ, ಬೀದಿಯ ಹೆಸರು ಹೇಳಿದೆ. ಗುರುತು ಹತ್ತಲಿಲ್ಲ. ಹೊರಡುವಾಗ ಕಾಲಿಗೆ ನಮಸ್ಕಾರ ಮಾಡಲು ಬಗ್ಗಿದರೆ, ನನ್ನ ತಲೆಯನ್ನು ಎರಡೂ ಕೈಯಲ್ಲಿ ಹಿಡಿದು ಕೂದಲೊಳಗೆ ಬೆರಳಾಡಿಸಿದರು.

"ಏಟೇನಾದ್ರೂ ಬಿತ್ತಾ ಮಗು? ಕೂತ್ಕೋ. ಇವತ್ತು ಆಡಬೇಡ."

ಕೂತೆ. ಕತ್ತಲಾಗುವವರೆಗೂ ಕೂತಿದ್ದೆ. ಅದಾದ ಮರುವರ್ಷವೇ ಹೋಗಿಬಿಟ್ಟರು. ನಲವತ್ತೈದು ತುಂಬಲಿಲ್ಲ. ಸುದ್ದಿ ನನಗೆ ತಿಳಿದದ್ದು ತಿಥಿಯೂ ಕಳೆದ ಮೇಲೆ.

ನಾನೀಗ ಅರವತ್ತು ದಾಟಿದವಳು. ಮೊಮ್ಮಗಳಿಗೆ ಮಗ್ಗಿ ಹೇಳಿಕೊಡುತ್ತೇನೆ, ಆ ತಂಡದಲ್ಲಿ ಯಾರು ಯಾವ ಮೂಲೆಯಲ್ಲಿ ನಿಲ್ಲುತ್ತಿದ್ದರೆಂದು ಇವತ್ತಿಗೂ ಹೇಳಬಲ್ಲೆ. ಇಟ್ಟಮಡುವಿನ ಹುಡುಗಿಯ ಸಣ್ಣ ದನಿಯೂ ನೆನಪಿದೆ. ಇದನ್ನೆಲ್ಲ ಒಮ್ಮೆ ಅಕ್ಕನ ಪಕ್ಕ ಕೂತು ಮಾತಾಡಬೇಕಿತ್ತು. ಅವರಿಗೆ ನೆನಪಿದ್ದಾಗ ನನಗೆ ಬಿಡುವಿರಲಿಲ್ಲ. ನನಗೆ ಬಿಡುವಾದಾಗ ಅವರಿರಲಿಲ್ಲ.